ಹೊಲಿಗೆಯಮ್ಮನ ಕೆಟಲ್

ಆ ಮನೆಯಲ್ಲಿ ಆಲೂಗಡ್ಡೆಯ ಸಿಪ್ಪೆ ಸುಲಿಯುವುದು ನಿಂತು ಬಹಳ ಕಾಲವಾಗಿತ್ತು. "ಸತ್ವ ಇರೋದೇ ಸಿಪ್ಪೇಲಿ" ಎಂದು ಹೊಲಿಗೆಯಮ್ಮ ಒಂದು ದಿನ ಊಟದ ಮೇಜಿನಲ್ಲಿ ಅಪ್ಪಣೆ ಹೊರಡಿಸಿದ್ದರು. ಅಂದಿನಿಂದ ಗಂಡ, ಮಗಳು, ಸೊಸೆ, ಅಪರೂಪಕ್ಕೆ ಮನೆ ಸೇರುವ ಮಗ, ಎಲ್ಲರೂ ಬಾಯಿ ಮುಚ್ಚಿಕೊಂಡು ಸಿಪ್ಪೆಸಮೇತ ತಿನ್ನುತ್ತಿದ್ದರು. ಬ್ರೆಡ್ಡು ಅಂಗಡಿಯಲ್ಲೇ ಹೋಳಾಗಿ ಬರಬೇಕು, ಜಾಡಿಗಳ ಮುಚ್ಚಳ ಸಡಿಲವಾಗಿಯೇ ಇರಬೇಕು, ನಲ್ಲಿ ಬಿಗಿಯಾಗಿ ತಿರುಗಿಸಿದರೆ ವಾಷರ್ ಹಾಳು. ಹೀಗೆ ಒಂದೊಂದೇ ಕಾನೂನು ಬಂದು ಮನೆಯಲ್ಲಿ ತಳವೂರಿತ್ತು. ಸೊಸೆಯಂತೂ ಇದನ್ನೆಲ್ಲ ಅತ್ತೆಯ ಅಭಿರುಚಿ ಎಂದೇ ತಿಳಿದು ಮೆಚ್ಚಿಕೊಂಡಿದ್ದಳು. ಆಫೀಸಿನಲ್ಲೂ ನಾಲ್ಕು ಜನರ ಮುಂದೆ ಹೇಳಿಕೊಂಡಿದ್ದಳಂತೆ.

ನಿಜ ಬೇರೆಯೇ ಇತ್ತು. ಹೊಲಿಗೆಯಮ್ಮನ ಕೈ ಕೆಟ್ಟಿತ್ತು. ಕೋಟು ಹೊಲಿಯುವ ಅಂಗಡಿಯಲ್ಲಿ ಗುಂಡಿಗೆ ಕಾಜಾ ಹೊಲಿದು ಹೆಸರು ಮಾಡಿದ ಕೈ ಅದು. ಅವರ ಕಾಜಾ ನೋಡಲೆಂದೇ ಬೇರೆ ಅಂಗಡಿಯ ದರ್ಜಿಗಳು ಕೋಟಿನ ಒಳಮೈ ತಿರುಗಿಸಿ ನೋಡುತ್ತಿದ್ದ ಕಾಲವಿತ್ತು. ಈಗ ಗಿಣ್ಣುಗಳು ಊದಿ, ಬೆರಳುಗಳೆಲ್ಲ ಒಂದೇ ಕಡೆಗೆ ವಾಲಿಕೊಂಡು, ಮುಷ್ಟಿ ಮುಚ್ಚುವುದೇ ಇಲ್ಲ. ಸೊಟ್ಟ ಕಾಜಾದ ದೆಸೆಯಿಂದ ಒಂದು ಕೋಟು ಅಂಗಡಿಗೆ ವಾಪಸು ಬಂದ ದಿನ ಅವರೇ ಕತ್ತರಿ ಕೆಳಗಿಟ್ಟು ಮನೆಗೆ ಬಂದುಬಿಟ್ಟರು. ಕೇಳಿದವರಿಗೆಲ್ಲ "ಕಣ್ಣು ಸಾಕಾಯ್ತು" ಎಂದರು. ಕಣ್ಣು ಹೋಯಿತೆಂದರೆ ಜನ ಅಯ್ಯೋ ಅಂದು ಸುಮ್ಮನಾಗುತ್ತಾರೆ. ಕೈ ಹೋಯಿತೆಂದರೆ ಅಯ್ಯೋ ಅನ್ನುತ್ತ ಕೈಯನ್ನೇ ನೋಡುತ್ತಾರೆ. ಆ ನೋಟ ಅವರಿಗೆ ಬೇಡವಾಗಿತ್ತು. ಚಳಿಯಿರಲಿ ಬಿಸಿಲಿರಲಿ, ಉದ್ದ ತೋಳಿನ ಸ್ವೆಟರಿನೊಳಗೆ ಕೈ ಎಳೆದುಕೊಂಡೇ ಓಡಾಡುತ್ತಿದ್ದರು. ಬೆಳಿಗ್ಗೆ ಆ ಸ್ವೆಟರಿನ ಗುಂಡಿ ಹಾಕಿಕೊಡುವವರು ಯಜಮಾನರು, ಅದೂ ಕೋಣೆಯ ಬಾಗಿಲು ಮುಚ್ಚಿಕೊಂಡು. ಬಸ್ಸು ಓಡಿಸಿ ನಿವೃತ್ತರಾದ ಮನುಷ್ಯ, ಬಾಯಿಗೆ ಬ್ರೇಕಿಲ್ಲ. ಆದರೂ ಈ ಒಂದು ವಿಷಯದಲ್ಲಿ ಹೆಂಡತಿ ಅವರ ಬಾಯಿ ಹೊಲಿದಿದ್ದರು. ಅಂಚೆ ಕಚೇರಿಯ ಕೌಂಟರಿನಲ್ಲಿ ಕೂರುವ ಮಗಳಿಗೂ ಗೊತ್ತಿತ್ತು. ಗೂಡ್ಸ್ ರೈಲು ಓಡಿಸುವ ಮಗನಿಗೂ, ಬೆಳಿಗ್ಗೆ ಹೋದರೆ ದೀಪ ಹಚ್ಚಿದ ಮೇಲೆ ಬರುವ ಸೊಸೆಗೂ ಗೊತ್ತಿದ್ದದ್ದು ಇಷ್ಟೇ: ಅಮ್ಮನಿಗೆ ಸ್ವಲ್ಪ ಕೀಲುನೋವು.

ಸೊಸೆ ಮನೆಬಳಕೆಯ ಸಾಮಾನು ತಯಾರಿಸುವ ಕಾರ್ಖಾನೆಯಲ್ಲಿ ವಿನ್ಯಾಸಗಾರ್ತಿ. ಊಟದ ಮೇಜು, ಬಸ್ ಟಿಕೆಟ್ಟಿನ ಹಿಂಭಾಗ, ಏನು ಸಿಕ್ಕರೂ ಗೆರೆ ಎಳೆಯುತ್ತಾಳೆಂದು ಯಜಮಾನರು ಅವಳಿಗೆ ಗೆರೆಯಮ್ಮ ಎಂದು ಹೆಸರಿಟ್ಟಿದ್ದರು.

"ಈ ಸಲ ನನಗೇ ಅಂತ ಒಂದು ಕೆಲಸ ಕೊಟ್ಟಿದ್ದಾರೆ," ಎಂದಳು ಅವಳು ಒಂದು ಸಂಜೆ, ಸೂಪಿನ ಬಟ್ಟಲು ಮುಂದಕ್ಕೆಳೆದುಕೊಳ್ಳುತ್ತ. "ಕೆಟಲ್. ಕೈಯಲ್ಲಿ ಬಲ ಇಲ್ಲದ ವಯಸ್ಸಾದವರಿಗೆ."

"ಕೆಟಲ್‌ನಲ್ಲಿ ಹೊಸದಾಗಿ ಮಾಡೋದೇನಿದೆ ಗೆರೆಯಮ್ಮ? ಒಂದು ಹೊಟ್ಟೆ, ಒಂದು ಮೂತಿ, ಒಂದು ಹಿಡಿ. ನಮ್ಮ ಹಳೇದರ ಮೂತಿ ಸೊಟ್ಟ. ನನ್ನದೂ ಸೊಟ್ಟ. ಇಬ್ಬರೂ ಈ ಮನೇಲಿ ಬಾಳಿಲ್ವಾ?"

"ಅದೇ ಮಾವ ತಪ್ಪು. ಬಿಸಿನೀರು ಚೆಲ್ಲಿದ್ರೆ ನಾವು ಏನಂತೀವಿ? ನನ್ನ ಕೈಯೇ ಸರಿ ಇಲ್ಲ ಅಂತೀವಿ. ಕೆಟಲ್ ಸರಿ ಇಲ್ಲ ಅಂತ ಯಾರೂ ಅನ್ನಲ್ಲ. ಮಾಡಿದವನ ತಪ್ಪನ್ನ ಬಳಸೋರು ತಲೆ ಮೇಲೆ ಹೊತ್ಕೊಂಡು ಓಡಾಡ್ತಾರೆ."

ಹೊಲಿಗೆಯಮ್ಮ ಬಟ್ಟಲಿನಿಂದ ತಲೆಯೆತ್ತಲಿಲ್ಲ. ಸೊಸೆಗೆ ಹುರುಪು ಬಂದಿತ್ತು.

"ಅಂಗಡೀಲಿ ಕೈಲಾಗದವರಿಗೆ ಅಂತ ಮಾರ್ತಾರೆ ನೋಡಿ, ಚಮಚಕ್ಕೆ ದಪ್ಪಗೆ ಕರೀ ರಬ್ಬರ್ ಸುತ್ತಿರ್ತಾರೆ. ಅದನ್ನ ಮೇಜಿನ ಮೇಲಿಟ್ರೆ ಇಡೀ ಮನೆಗೆ ಡಂಗುರ ಸಾರಿದ ಹಾಗೆ. ಯಾರು ತಾನೇ ಮುಟ್ತಾರೆ?"

ಅಂಥದ್ದೇ ಒಂದು ಚಮಚ ಹೊಲಿಗೆಯಮ್ಮನ ಹೊಲಿಗೆ ಪೆಟ್ಟಿಗೆಯಲ್ಲಿ, ದಾರದುಂಡೆಗಳ ಕೆಳಗೆ ಬಿದ್ದಿತ್ತು. ಆಸ್ಪತ್ರೆಯಲ್ಲಿ ಕೊಟ್ಟಿದ್ದು. ಮಗಳು ಕಣ್ಣೆತ್ತಿ ತಾಯಿಯನ್ನು ನೋಡಿದಳು. ತಾಯಿ ಉಪ್ಪಿನ ಡಬ್ಬಿಯನ್ನು ನೋಡಿದರು.

"ಅಂತೂ ಚೆಂದ ಇರಬೇಕು ಅಂತೀರಿ ಅತ್ತಿಗೆ," ಎಂದಳು ಮಗಳು.

"ಚೆಂದ ಅಂದ್ರೆ ಮೇಲೆ ಬಳಿಯೋ ಬಣ್ಣ ಅಲ್ಲ ಕಣೆ. ಎಲ್ಲಿ ಹಿಡೀಬೇಕು ಅಂತ ನೋಡಿದ ಕೂಡ್ಲೆ ಕೈಗೇ ಗೊತ್ತಾಗಬೇಕು. ಹಿಡಿದ ಮೇಲೆ, ನನ್ನ ಕೈಲಿ ಏನೂ ಆಗಲ್ಲ ಅನ್ನೋದು ಮರೆತೇ ಹೋಗಬೇಕು. ಅದಕ್ಕೇ ನನಗೆ ನಿಜವಾದ ಕೈ ಬೇಕು." ಅವಳು ಅತ್ತೆಯ ಕಡೆ ತಿರುಗಿದಳು. "ನಿಮಗೂ ಕೀಲುನೋವು ಇದೆಯಲ್ಲ ಅತ್ತೆ, ನಿಮ್ಮ ಕೈಯೇ ಕೊಡಿ."

ಒದ್ದೆ ಬಟ್ಟೆಯಲ್ಲಿ ಸುತ್ತಿದ ಜೇಡಿಮಣ್ಣಿನ ಉಂಡೆಯೊಂದನ್ನು ಚೀಲದಿಂದ ತೆಗೆದು ಮೇಜಿನ ಮೇಲಿಟ್ಟಳು. ಕೆಟಲ್ ಎತ್ತುವ ಹಾಗೆ ಒಂದು ಸಲ ಅದುಮಿ ಹಿಡಿದರೆ ಸಾಕು, ಬೆರಳಿನ ಗುರುತು ಕೂರುತ್ತದೆ, ಅದನ್ನೇ ಇಟ್ಟುಕೊಂಡು ಹಿಡಿ ಮಾಡುತ್ತೇನೆ ಎಂದಳು.

"ಈಗ ಕೈಯೆಲ್ಲ ಸೂಪು," ಎಂದರು ಹೊಲಿಗೆಯಮ್ಮ. "ನಾಳೆ ನಿಧಾನಕ್ಕೆ ಹಿಡಿದಿಡ್ತೀನಿ. ನೀನು ಊಟ ಮಾಡು."

ಮರುದಿನ ಸೊಸೆ ಹೊರಟ ಮೇಲೆ ಅವರು ನಿಜಕ್ಕೂ ಹಿಡಿದು ನೋಡಿದರು. ಹೆಬ್ಬೆರಳಿನ ಪಕ್ಕ ಒಂದು ಹಳ್ಳ, ಅಂಗೈ ಬುಡದಲ್ಲಿ ಒಂದು ಉಬ್ಬು, ನಡುವೆ ಕೋಳಿ ಕೆದರಿದ ಹಾಗೆ ಏನೋ ಒಂದಿಷ್ಟು. ನೋಡಿ ಅವರಿಗೆ ಮೈಯೆಲ್ಲ ಹಿಡಿಯಷ್ಟಾಯಿತು. ಇದನ್ನು ಕಾರ್ಖಾನೆಯಲ್ಲಿ ಮೇಜಿನ ಮೇಲಿಟ್ಟು ಹತ್ತು ಜನ ಸುತ್ತ ನಿಂತು ನೋಡುತ್ತಾರೆ, ಇದು ನಮ್ಮತ್ತೆಯ ಕೈ ಎನ್ನುತ್ತಾಳೆ. ಅವರು ಮಣ್ಣನ್ನು ಮೇಜಿಗೆ ಒತ್ತಿ ಒತ್ತಿ ಗುರುತೆಲ್ಲ ಅಳಿಸಿದರು. ಆಮೇಲೆ, ಒಂದು ಕಾಲಿಗೆ ಬೂಟು ಹಾಕಿ ಇನ್ನೊಂದನ್ನು ಹುಡುಕುತ್ತಿದ್ದ ಮಗಳನ್ನು ಕರೆದರು.

"ಇದನ್ನ ಒಂದ್ಸಲ ಹಿಡಿ."

"ಅಮ್ಮ, ಇದು ಮೋಸ."

"ಒಂದು ಮಣ್ಣಿನ ಉಂಡೆಗೆ ಮೋಸವಂತೆ. ಹಿಡಿಯೇ, ಬಸ್ಸು ಹೋಗುತ್ತೆ."

ಮಗಳು ಹಿಡಿದಳು, ಕೈ ಒರೆಸಿಕೊಂಡಳು, ಓಡಿದಳು.

ಸಂಜೆ ಸೊಸೆ ಆ ಗುರುತಿನ ಮೇಲೆ ಬೆರಳಾಡಿಸಿ ಹಿಗ್ಗಿಹೋದಳು. "ಎಷ್ಟು ನೀಟಾಗಿ ಕೂತಿದೆ ನೋಡಿ. ನಾನು ಏನೇನೋ ಅಂದ್ಕೊಂಡು ಹೆದರಿದ್ದೆ. ಹಿಡಿ ಸ್ವಲ್ಪ ತೆಳ್ಳಗೆ, ಹಗುರಾಗಿ ಮಾಡಿದ್ರೆ ಸಾಕು. ನಿಮ್ಮ ಕೈ ಈಗಲೂ ಎಷ್ಟು ಚೆನ್ನಾಗಿದೆ ಅತ್ತೆ."

ಕೈಯನ್ನು ಯಾರಾದರೂ ಹೊಗಳಿ ಎಷ್ಟು ಕಾಲವಾಗಿತ್ತೋ. ಹೊಲಿಗೆಯಮ್ಮನಿಗೆ ಒಂದು ಗಳಿಗೆ ನಿಜವಾಗಿಯೂ ಸಂತೋಷವಾಯಿತು. ಮರುಗಳಿಗೆಗೆ, ಹಾಗೆ ಸಂತೋಷಪಟ್ಟಿದ್ದಕ್ಕೆ ಮುಖ ಎಲ್ಲಿಡಬೇಕೋ ತಿಳಿಯದೆ ಒಲೆ ಒರೆಸಲು ಎದ್ದುಹೋದರು.

ಕೆಲವು ವಾರ ಕಳೆದು ಮಾದರಿ ಕೆಟಲ್ ಮನೆಗೆ ಬಂತು. ಬಿಳಿ ಬಣ್ಣ, ತುಂಬಿದ ಹೊಟ್ಟೆ, ಬೆರಳುಗಳಿಗೆ ಸಣ್ಣ ಹಳ್ಳಗಳಿಟ್ಟು ತೆಳ್ಳಗೆ ಬಾಗಿ ಇಳಿದ ಹಿಡಿ. ಹಳೆಯ ಮರದ ಕಪಾಟು, ಎಣ್ಣೆ ಕುಡಿದ ಗೋಡೆ ಎಲ್ಲವೂ ಅದರ ಮುಂದೆ ಕಳೆಗುಂದಿದವು. ಅದು ಯಾವ ಕೋನದಿಂದಲೂ ರೋಗಿಗಳ ಸಾಮಾನಿನ ಹಾಗೆ ಕಾಣುತ್ತಿರಲಿಲ್ಲ. ಇಂಥದ್ದನ್ನು ತನ್ನಂಥವರಿಗಾಗಿ ಒಬ್ಬರು ಕೂತು ಯೋಚಿಸಿದರಲ್ಲ ಎಂದು ಹೊಲಿಗೆಯಮ್ಮನಿಗೆ ಕಣ್ಣು ತುಂಬಿತು. ಕೈ ಹಾಕಿದರು. ಆ ತೆಳ್ಳನೆಯ ಹಿಡಿ ಮುಷ್ಟಿ ಮುಚ್ಚಿದವರಿಗೆ ಮಾತ್ರ ಒಲಿಯುವಂಥದ್ದು. ಇವರ ಬೆರಳುಗಳ ನಡುವೆ ಅದು ನುಣುಚಿ ತಿರುಗಿತು.

"ಹೇಗಿದೆ ಅತ್ತೆ?"

"ಹೂವೆತ್ತಿದ ಹಾಗಿದೆ ಕಣಮ್ಮ."

ಮರುದಿನದಿಂದ ಅಡುಗೆಮನೆಯಲ್ಲಿ ಹೊಸ ವ್ಯವಸ್ಥೆ ಶುರುವಾಯಿತು. ಸೊಸೆ ಗೇಟು ದಾಟಿದ ಮೇಲೆ ಹಿಟ್ಟಿನ ಡಬ್ಬದ ಹಿಂದಿನಿಂದ ಹಳೆಯ ಕೆಟಲ್ ಹೊರಬರುತ್ತಿತ್ತು. ಸಂಜೆ ಅವಳು ಬರುವ ಹೊತ್ತಿಗೆ ಅದು ಒಳಗೆ, ಹೊಸದು ಒಲೆಯ ಮೇಲೆ. ನೀರು ತುಂಬಿಡುವುದು, ಬಗ್ಗಿಸುವುದು ಎಲ್ಲ ಯಜಮಾನರ ಪಾಲಿಗೆ; ಅವರೂ ಇಲ್ಲದ ಹೊತ್ತಿನಲ್ಲಿ ಮಾತ್ರ ಹೊಲಿಗೆಯಮ್ಮ ಹಳೆಯದನ್ನು ತನಗೆ ಬಂದ ಹಾಗೆ ಬಗ್ಗಿಸಿಕೊಳ್ಳುತ್ತಿದ್ದರು.

"ಈ ವಯಸ್ಸಲ್ಲಿ ನನಗೆ ಎರಡು ಸಂಸಾರ ಕಟ್ಟಿದೆಯಲ್ಲೇ," ಎಂದು ಅವರು ಗೊಣಗಿದರು. "ಬೆಳಿಗ್ಗೆ ಹಳಬಳು, ಸಂಜೆ ಹೊಸಬಳು."

"ಮೆತ್ತಗೆ ಮಾತಾಡಿ."

"ಮೆತ್ತಗೆ ಮಾತಾಡೋದಕ್ಕೂ ಸುಳ್ಳಿಗೂ ಏನು ನೆಂಟಸ್ತಿಕೆಯೋ, ಯಾವಾಗ್ಲೂ ಜೊತೇಲೇ ಬರ್ತವೆ."

ಮಗಳು ಅಷ್ಟಕ್ಕೆ ಬಿಡುವವಳಲ್ಲ. ರಜೆಯ ದಿನ ಬಟ್ಟೆ ಹಿಂಡುವಾಗ ತಾಯಿಯನ್ನು ಹಿತ್ತಲಲ್ಲಿ ಹಿಡಿದು ನಿಲ್ಲಿಸಿದಳು. ಹಿಂಡುವುದೂ ಈಗ ಅವಳದೇ ಕೆಲಸ. "ಹಿಂಡದೆ ನೀರು ತೊಟ್ಟಿಕ್ಕೋಕೆ ಬಿಟ್ರೆ ಬಟ್ಟೆ ಸುಕ್ಕಾಗಲ್ಲ" ಎಂಬ ಕಾನೂನಿಗೆ ಅವಳೊಬ್ಬಳೇ ಬಗ್ಗಿರಲಿಲ್ಲ.

"ಅತ್ತಿಗೆ ಎಲ್ಲರಿಗೂ ಹೇಳ್ಕೊಂಡು ತಿರುಗ್ತಿದಾರೆ, ನಮ್ಮತ್ತೆ ಕೈಯಿಂದ ಮಾಡಿದ್ದು ಅಂತ. ಅಚ್ಚು ಕೊರೆದ ಮೇಲೆ ಕೂದಲಿನಷ್ಟೂ ಬದಲಾಯಿಸೋಕೆ ಆಗಲ್ಲವಂತೆ. ಈಗಲಾದ್ರೂ ಹೇಳು."

"ನನ್ನ ಕೈ, ನನ್ನಿಷ್ಟ."

"ಕೈ ನಿಂದಲ್ಲ, ನಂದು. ಅದೇ ತಾನೆ ಬಂದಿರೋ ಕಷ್ಟ."

"ನಿನ್ನ ಬಾಯಿಗೊಂದು ಬೀಗ ಹಾಕ್ಕೋ."

"ಅಮ್ಮ, ಅದು ಬರೀ ಕಾಯಿಲೆ. ಕಳ್ಳತನ ಮಾಡಿದ ಕೈ ಅಲ್ಲ."

ಹೊಲಿಗೆಯಮ್ಮ ಒದ್ದೆ ಬಟ್ಟೆಯನ್ನು ತೋಳಿನ ಮೇಲೆ ಹಾಕಿಕೊಂಡು, ಕೈಯನ್ನು ಸ್ವೆಟರಿನಿಂದ ತುಸು ಹೊರಗೆ ಚಾಚಿದರು. ಆಮೇಲೆ, "ಇದನ್ನ ನೋಡಿದ್ರೆ ನಿನಗೆ ಹೇಸಿಗೆ ಆಗಲ್ವಾ?" ಎಂದರು.

"ಆಗಲ್ಲ."

"ನನಗಾಗುತ್ತೆ," ಎಂದು ಹೇಳಿ ಒಳಗೆ ಹೋದರು.

ಮುಂದಿನ ವಾರ ಮಗ ರೈಲಿನಿಂದ ಇಳಿದು ಮನೆಗೆ ಬಂದಿದ್ದ. ಎಲ್ಲರೂ ಊಟಕ್ಕೆ ಕೂತಿದ್ದಾಗ ಸೊಸೆ ಬಂದಳು, ಚೀಲವನ್ನು ಕುರ್ಚಿಯ ಮೇಲೆ ಎಸೆದು, ಬೂಟು ಕಳಚದೆ ನಿಂತೇ ಇದ್ದಳು.

"ಇವತ್ತು ವೃದ್ಧಾಶ್ರಮದಿಂದ ಅಜ್ಜಿಯರನ್ನ ಕರೆಸಿದ್ರು. ಬಳಸಿ ನೋಡೋಕೆ. ಒಬ್ಬರೂ ಎತ್ತಲಿಲ್ಲ. ಒಬ್ಬರು ಜಾರುತ್ತೆ ಅಂತಾರೆ, ಒಬ್ಬರು ಮುಟ್ಟೋದೇ ಇಲ್ಲ. ಮ್ಯಾನೇಜರ್ ನನ್ನ ಮುಖ ನೋಡ್ತಿದ್ದಾರೆ. ನನಗೂ ತಲೆ ಕೆಟ್ಟುಹೋಯ್ತು, ಅಂದುಬಿಟ್ಟೆ."

"ಏನಂದೆ?" ಎಂದ ಮಗ.

"ನಮ್ಮತ್ತೆಗೂ ನಿಮ್ಮ ಹಾಗೇ ಕೀಲುನೋವು. ಅವರು ದಿನಾ ಇದರಲ್ಲೇ ಚಹಾ ಬಗ್ಗಿಸ್ತಾರೆ. ನಿಮಗೆ ಮನಸ್ಸಿಲ್ಲ ಅಷ್ಟೇ ಅಂದೆ. ಮೂಲೇಲಿ ಕೂತಿದ್ದ ಒಬ್ಬರು ಅತ್ತುಬಿಟ್ರು."

"ವಯಸ್ಸಾದೋರಿಗೆ ಅನ್ನೋ ಮಾತಾ ಅದು? ಅಮ್ಮನ್ನ ಬೇರೆ ಯಾಕೆ ಮಧ್ಯ ತಂದೆ?"

"ಮತ್ತೆ ಯಾರನ್ನ ತರಲಿ? ನನ್ನ ಕಡೆಗಿರೋದು ಅವರೊಬ್ಬರೇ. ಮ್ಯಾನೇಜರ್ ನಂಬ್ತಿಲ್ಲ. ಭಾನುವಾರ ಮನೆಗೇ ಬಂದು ಅತ್ತೆ ಕೈಯಿಂದ ಚಹಾ ಕುಡೀತಾರಂತೆ. ಅದಾದ್ರೆ ಅಚ್ಚು ಕೊರೀತಾರೆ. ಇಲ್ಲದಿದ್ರೆ ನನ್ನ ಕೆಲಸ ಬೇರೆಯವರಿಗೆ ಹೋಗುತ್ತೆ." ಅವಳು ಕುರ್ಚಿ ಎಳೆದು ಕೂತಳು. "ಒಂದು ಕಪ್ ಅತ್ತೆ. ಅಷ್ಟೇ."

ಯಜಮಾನರು ಕೆಮ್ಮಿದರು. ಮಗಳು ಮೇಜಿನ ಕೆಳಗೆ ತಾಯಿಯ ಕಾಲನ್ನು ಒತ್ತಿದಳು. ಹೇಳಬೇಕಾದ ಹೊತ್ತು ಅದೇ ಎಂದು ಹೊಲಿಗೆಯಮ್ಮನಿಗೂ ಗೊತ್ತಿತ್ತು. ಬಾಯಿ ತೆರೆದರು. "ಬರಲಿ ಬಿಡು," ಎಂದರು. "ಬಿಸ್ಕತ್ತು ತರಿಸ್ತೀನಿ." ಆ ಮಾತು ತನ್ನ ಬಾಯಿಂದಲೇ ಬಂದದ್ದು ಕೇಳಿ ಅವರಿಗೆ ತನ್ನ ಮೇಲೇ ಅಸಹ್ಯವಾಯಿತು.

ಮರುದಿನ ಮಗ ಮತ್ತೆ ರೈಲು ಹತ್ತಿದ. ಆ ವಾರವೆಲ್ಲ ಮನೆ ಖಾಲಿಯಾದ ಮೇಲೆ ಗಂಡ ಹೆಂಡತಿಯ ತಾಲೀಮು ನಡೆಯಿತು. ನೆಲದ ತುಂಬ ನೀರು, ಯಜಮಾನರ ಕೈಯಲ್ಲಿ ಒರೆಸುವ ಬಟ್ಟೆ. ಕೊನೆಗೆ ಒಂದು ದಾರಿ ಸಿಕ್ಕಿತು. ಹಿಡಿಯೊಳಗೆ ಬೆರಳಲ್ಲ, ಮಣಿಕಟ್ಟನ್ನೇ ತೂರಿಸುವುದು. ಸ್ವೆಟರಿನ ತೋಳು ಅದನ್ನು ಮುಚ್ಚುತ್ತದೆ. ಎಡ ಅಂಗೈಯಲ್ಲಿ ಮಡಚಿದ ಟವೆಲು ಇಟ್ಟು ಕೆಟಲಿನ ಅಡಿಗೆ ಆನಿಸುವುದು. ನೀರು ಅರ್ಧಕ್ಕಿಂತ ಕಡಿಮೆ ತುಂಬುವುದು.

"ಆತುರ ಬೇಡ," ಎಂದು ಯಜಮಾನರು ಪಕ್ಕದಲ್ಲಿ ನಿಂತು ಹೇಳಿಕೊಡುತ್ತಿದ್ದರು. "ತುಂಬಿದ ಬಸ್ಸು ತಿರುವಿನಲ್ಲಿ ತಿರುಗಿಸ್ತೀಯ ಅಂದ್ಕೋ. ಹಾಂ, ಹಾಗೆ." ಹೆಂಡತಿಯ ಮಣಿಕಟ್ಟಿನ ಮೇಲೆ ಕೆಂಪಗೆ ಸುಟ್ಟ ಗೆರೆ ಎದ್ದದ್ದನ್ನು ನೋಡಿದ ಮೇಲೆ ಅವರು ತಮಾಷೆ ಮಾಡುವುದನ್ನು ಬಿಟ್ಟರು.

ಭಾನುವಾರ ಮ್ಯಾನೇಜರ್ ಬಂದರು. ಸೌಮ್ಯ ಮನುಷ್ಯ, ಬೂಟಿನ ಕೆಸರನ್ನು ಬಾಗಿಲಲ್ಲಿ ಚೆನ್ನಾಗಿ ಒರೆಸಿ ಒಳಗೆ ಕಾಲಿಟ್ಟರು. ಸೊಸೆ ಮೇಜಿಗೆ ಒಗೆದ ಬಟ್ಟೆ ಹಾಸಿ, ಅದನ್ನು ಮತ್ತೆ ಮತ್ತೆ ನೀವುತ್ತಿದ್ದಳು. ಹೊಲಿಗೆಯಮ್ಮ ಒಲೆಯ ಕಡೆಯಿಂದ ಬಂದರು, ಮಣಿಕಟ್ಟು ಹಿಡಿಯೊಳಗೆ, ಟವೆಲು ಅಡಿಗೆ. ಬಾಗಿದರು. ಚಹಾ ಕಪ್ಪಿಗೆ ಇಳಿಯಿತು. ಒಂದು ಹನಿಯೂ ಆಚೆ ಬೀಳಲಿಲ್ಲ.

ಸೊಸೆ ತಡೆದಿಟ್ಟುಕೊಂಡಿದ್ದ ಉಸಿರು ಬಿಟ್ಟಳು. ಅವಳ ಮುಖದಲ್ಲಿ ಕಂಡ ಹೆಮ್ಮೆಯನ್ನು ನೋಡಿ ಹೊಲಿಗೆಯಮ್ಮ, ಇಲ್ಲಿಗೆ ಮುಗಿಯಿತಲ್ಲ, ಬದುಕಿದೆ ಎಂದುಕೊಂಡರು.

"ಸರಿಹೋಯ್ತು," ಎಂದು ಮ್ಯಾನೇಜರ್ ನಗುತ್ತ ಬಿಸ್ಕತ್ತು ಅದ್ದಿದರು. "ಹಾಗಾದ್ರೆ ಆ ಹೆಂಗಸರದ್ದು ಬರೀ ನಾಟಕ. ಅತ್ತರಲ್ಲ ಒಬ್ಬರು, ಅವರನ್ನ ಇನ್ಮೇಲೆ ಕರೆಯೋದು ಬೇಡ ಅಂತ ಆಶ್ರಮಕ್ಕೆ ಹೇಳಿಬಿಡ್ತೀನಿ. ನಾಳೆ ಅಚ್ಚಿನ ಕೆಲಸ ಶುರು ಮಾಡಿಸೋಣ."

ಸೊಸೆ ಹೂಂ ಎಂದಳು.

ಆ ಮುದುಕಿಯನ್ನು ಹೊಲಿಗೆಯಮ್ಮ ಕಂಡವರಲ್ಲ. ಆದರೂ ಅವಳು ಮೂಲೆಯ ಕುರ್ಚಿಯಲ್ಲಿ ಕೈಗಳನ್ನು ಎಲ್ಲಿ ಬಚ್ಚಿಟ್ಟುಕೊಂಡು ಕೂತಿದ್ದಿರಬಹುದು ಎಂದು ಅವರಿಗೆ ಚೆನ್ನಾಗಿ ಗೊತ್ತಿತ್ತು. ಎಲ್ಲರ ಮುಂದೆ ಕೈ ಚಾಚು ಎಂದಾಗ ಚಾಚಿದ್ದಳು, ಆಗಲಿಲ್ಲ ಎಂದು ಇದ್ದದ್ದನ್ನು ಹೇಳಿದ್ದಳು. ಈಗ ಅವಳು ಸುಳ್ಳಿ, ತಾನು ಸಾಚಾ. ನಾಚಿಕೆ ಎಂಬುದು ಕಿವಿಯ ತನಕ ಬಿಸಿಯಾಗಿ ಏರುವುದನ್ನು ಅವರು ಅಷ್ಟು ಸ್ಪಷ್ಟವಾಗಿ ಎಂದೂ ಅನುಭವಿಸಿರಲಿಲ್ಲ.

"ಅವರು ನಾಟಕ ಆಡಿಲ್ಲ," ಎಂದರು. "ಆಡಿದ್ದು ನಾನು."

ಸ್ವೆಟರಿನ ತೋಳನ್ನು ಹಲ್ಲಿನಿಂದ ಕಚ್ಚಿ ಮೇಲಕ್ಕೆಳೆದು, ಎರಡೂ ಕೈಗಳನ್ನು ಬಿಸ್ಕತ್ತಿನ ತಟ್ಟೆಯ ಪಕ್ಕದಲ್ಲಿ ಇಟ್ಟರು. ವಾಲಿದ ಬೆರಳುಗಳು, ಊದಿದ ಗಿಣ್ಣು, ಮಣಿಕಟ್ಟಿನ ಸುಟ್ಟ ಗೆರೆ, ಎಲ್ಲವೂ ಬಿಳಿಯ ಬಟ್ಟೆಯ ಮೇಲೆ ಕಾಣುವಂತೆ ಬಿದ್ದವು. ಮಗಳು ಎದ್ದು ಬಂದು ಕೆಟಲಿನ ಹಿಡಿಗೆ ಕೈ ಹಾಕಿದಳು. ಒಂದೊಂದು ಬೆರಳೂ ಒಂದೊಂದು ಹಳ್ಳದಲ್ಲಿ ತಾನೇ ತಾನಾಗಿ ಕೂತಿತು.

"ಆ ಮಣ್ಣು ಹಿಡಿದಿದ್ದು ನಾನು ಅತ್ತಿಗೆ," ಎಂದಳು.

ಮ್ಯಾನೇಜರ್ ಕಪ್ಪು ಕೆಳಗಿಟ್ಟರು. ಅವರ ದನಿ ಏರಲಿಲ್ಲ. "ಹಾಗಾದ್ರೆ ಎಲ್ಲ ಮೊದಲಿಂದ ಆಗಬೇಕು. ಕೆಲಸ ನಿಮ್ಮ ಹತ್ರಾನೇ ಉಳಿಯುತ್ತೆ ಅಂತ ನಾನು ಮಾತು ಕೊಡೋಕಾಗಲ್ಲ," ಎಂದು ಸೊಸೆಗೆ ಹೇಳಿ, ಅಚ್ಚಿನವರಿಗೆ ಫೋನು ಮಾಡಲು ಹೊರಗಿನ ಜಗಲಿಗೆ ಹೋದರು.

ಸೊಸೆ ಅತ್ತ ನೋಡಲೂ ಇಲ್ಲ. ಅವಳ ಕಣ್ಣು ಮೇಜಿನ ಮೇಲಿನ ಕೈಗಳನ್ನು ಬಿಟ್ಟು ಕದಲಿರಲಿಲ್ಲ.

"ಆಲೂಗಡ್ಡೆ ಸಿಪ್ಪೆ..." ಎಂದಳು.

"ಸತ್ವಾನೂ ಇರುತ್ತೆ," ಎಂದರು ಹೊಲಿಗೆಯಮ್ಮ ಸಣ್ಣ ದನಿಯಲ್ಲಿ.

"ಜಾಡಿ ಮುಚ್ಚಳ. ನಲ್ಲಿ. ಬ್ರೆಡ್ಡು." ಒಂದೊಂದೇ ಹೇಳುತ್ತ ಹೋದಂತೆ ಅವಳ ಮುಖ ಕೆಂಪಾಯಿತು. "ಕೈ ನೋಡೋದೇ ನನ್ನ ಕೆಲಸ ಅತ್ತೆ. ದಿನಾ ನಿಮ್ಮ ಎದುರಿಗೇ ಕೂತು ಉಣ್ತೀನಿ. ಆ ಅಜ್ಜಿಗೆ ನಾನು ಮನಸ್ಸಿಲ್ಲ ಅಂದೆ."

"ಅನ್ನಿಸಿದ್ದು ನಾನು."

"ಅಂದಿದ್ದು ನಾನೇ ಅಲ್ವಾ." ಅವಳು ಮುಖ ಒರೆಸಿಕೊಂಡು ಮಾವನ ಕಡೆ ತಿರುಗಿದಳು. "ಹಳೇ ಕೆಟಲ್ ಎಸೆದಿಲ್ಲ ತಾನೆ?"

ಯಜಮಾನರು ಹಿಟ್ಟಿನ ಡಬ್ಬದ ಹಿಂದಿನಿಂದ ಅದನ್ನು ತಂದರು. ಹಿಡಿಗೆ ಹಳೆಯ ಉಣ್ಣೆಯ ಪಟ್ಟಿ ಸುತ್ತಿ ಸುತ್ತಿ ದಪ್ಪ ಮಾಡಿತ್ತು. ಸೊಸೆ ಮಿಕ್ಕ ಚಹಾವನ್ನು ಅದಕ್ಕೆ ಸುರಿದು ಅತ್ತೆಯ ಮುಂದಿಟ್ಟಳು.

"ಯಾರೂ ಇಲ್ಲದಾಗ ಹೇಗೆ ಬಗ್ಗಿಸ್ತೀರೋ ಹಾಗೆ ಬಗ್ಗಿಸಿ."

"ನೋಡೋಕೆ ಚೆನ್ನಾಗಿರಲ್ಲ ಕಣಮ್ಮ."

"ಇರೋದು ಬೇಡ. ತೋರಿಸಿ."

ಹೊಲಿಗೆಯಮ್ಮ ಗಂಡನನ್ನು ನೋಡಿದರು. ಅವರು ಅಭ್ಯಾಸಬಲದಿಂದ ಎದ್ದು ಕೈ ಚಾಚಿದರು. "ಮಾವ, ಕೂತ್ಕೊಳ್ಳಿ," ಎಂದಳು ಸೊಸೆ.

ಹೊಲಿಗೆಯಮ್ಮ ಒಂದು ಬಟ್ಟಲನ್ನು ಬೋರಲು ಹಾಕಿ, ಕೆಟಲನ್ನು ಅದರ ಅಂಚಿಗೆ ಏರಿಸಿದರು. ಎತ್ತುವುದಿಲ್ಲ, ವಾಲಿಸುವುದಷ್ಟೇ. ಹೆಬ್ಬೆರಳಿನ ಬುಡದಿಂದ ಹಿಡಿಯನ್ನು ತಳ್ಳುತ್ತ, ಇನ್ನೊಂದು ಕೈಯ ಮೊಣಕೈಯನ್ನು ಮುಚ್ಚಳದ ಮೇಲೆ ಊರಿ, ಗದ್ದವನ್ನು ಎದೆಗೊತ್ತಿಕೊಂಡು, ಹಲ್ಲುಗಳ ನಡುವೆ ನಾಲಿಗೆ ಕಚ್ಚಿ ಬಾಗಿದರು. ನಡುಮನೆಯಲ್ಲಿ ಬಟ್ಟೆ ಕಳಚಿ ನಿಂತ ಹಾಗಾಗಿತ್ತು ಅವರಿಗೆ. ಮಗಳು ನೋಡುತ್ತಿದ್ದಳು, ಗಂಡ ನೋಡುತ್ತಿದ್ದರು, ಫೋನು ಮುಗಿಸಿ ಬಂದ ಮ್ಯಾನೇಜರ್ ಬಾಗಿಲಲ್ಲೇ ನಿಂತು ನೋಡುತ್ತಿದ್ದರು. ಯಾರೂ ಸಹಾಯಕ್ಕೆ ಬರಲಿಲ್ಲ. ಚಹಾ ಬಟ್ಟೆಯ ಮೇಲೆ ಸ್ವಲ್ಪ ಬಿತ್ತು, ಬಸಿಗೆ ಸ್ವಲ್ಪ ಬಿತ್ತು, ಮಿಕ್ಕದ್ದು ಕಪ್ಪಿಗೆ ಬಿದ್ದು ಕಪ್ಪು ತುಂಬಿತು. ಅವರು ತಟ್ಟನೆ ಸ್ವೆಟರಿನ ತೋಳು ಕೆಳಗಿಳಿಸಿ ಕೈಗಳನ್ನು ಒಳಗೆ ಎಳೆದುಕೊಂಡರು.

ಸೊಸೆಯ ಬಳಿ ಪೆನ್ಸಿಲ್ಲಿರಲಿಲ್ಲ. ಅವಳು ಮೊಣಕಾಲೂರಿ ಕೂತಿದ್ದಳು, ಗದ್ದ ಮೇಜಿನ ಮಟ್ಟಕ್ಕಿತ್ತು, ಕಣ್ಣು ತೇವವಾಗಿತ್ತು. ಕಪ್ಪಿನ ಚಹಾವನ್ನು ಅವಳೇ ಕೆಟಲಿಗೆ ವಾಪಸು ಸುರಿದಳು.

"ಇನ್ನೊಂದ್ಸಲ ಅತ್ತೆ," ಎಂದಳು. "ಸ್ವಲ್ಪ ನಿಧಾನಕ್ಕೆ."

ಹೊಲಿಗೆಯಮ್ಮ ಬೋರಲು ಬಟ್ಟಲನ್ನು ಮೊಣಕೈಯಿಂದ ತುಸು ಹತ್ತಿರಕ್ಕೆ ಎಳೆದುಕೊಂಡರು. ಆಮೇಲೆ ತೋಳನ್ನು ಮತ್ತೆ ಹಲ್ಲಿನಿಂದ ಕಚ್ಚಿ ಮೇಲಕ್ಕೆಳೆದುಕೊಂಡರು.